ಗಲ್ಲಾಪೆಟ್ಟಿಗೆಯ ಮೇಲೆ ನಮ್ಮವರದೇ ಕೈ

ಕೆನಡಾ ದೇಶದ ಪಶ್ಚಿಮ ಕರಾವಳಿಯಲ್ಲಿ ಸರ್ರೆ ಎಂಬ ಪಟ್ಟಣವಿದೆ. ಪಂಜಾಬಿನಿಂದ ಹೋಗಿ ನೆಲೆನಿಂತವರ ಸಂಖ್ಯೆ ಅಲ್ಲಿ ದೊಡ್ಡದು. 2025ರ ಜುಲೈ ತಿಂಗಳಲ್ಲಿ ಹಾಸ್ಯನಟ ಕಪಿಲ್ ಶರ್ಮಾ ಅವರಿಗೆ ಸಂಬಂಧಿಸಿದ ಹೊಸ ಕಾಫಿ ಹೋಟೆಲೊಂದು ಅಲ್ಲಿ ತೆರೆಯಿತು. ಬಾಗಿಲು ತೆರೆದು ಕೆಲವೇ ದಿನಗಳೊಳಗೆ ಅದರ ಕಿಟಕಿಗಳ ಮೇಲೆ ಗುಂಡುಗಳು ಹಾರಿದುವು. ಆಗಸ್ಟಿನಲ್ಲಿ ಮತ್ತೊಮ್ಮೆ, ಅಕ್ಟೋಬರದಲ್ಲಿ ಇನ್ನೊಮ್ಮೆ ಅದೇ ಗತಿಯಾಯಿತು. ಇದೊಂದು ಹೆಸರಾಂತವರ ಅಂಗಡಿಯಾದುದರಿಂದ ಸುದ್ದಿ ಸಮುದ್ರ ದಾಟಿ ಇಲ್ಲಿಗೂ ಬಂದಿತು. ಹೆಸರಿಲ್ಲದವರ ಸುದ್ದಿ ಅಷ್ಟು ದೂರ ಬರುವುದಿಲ್ಲ. ಅದಕ್ಕೂ ಮೊದಲು, 2023ರ ಡಿಸೆಂಬರಿನಲ್ಲಿಯೇ, ಬ್ರಾಂಪ್ಟನ್ ಸೇರಿದ ಪೀಲ್ ಪ್ರಾಂತದ ಪೋಲೀಸರು ಇಂತಹ ಸುಲಿಗೆಗಳ ತನಿಖೆಗಾಗಿಯೇ ಪ್ರತ್ಯೇಕ ದಳವೊಂದನ್ನು ನಿಯಮಿಸಬೇಕಾಯಿತು. ಕರೆ ಬಂದುದು ದಕ್ಷಿಣ ಏಷ್ಯಾದಿಂದ ಹೋದ ವ್ಯಾಪಾರಿಗಳಿಗೆ. ಕರೆ ಮಾಡಿದವನಿಗೆ ಅವರ ಹೆಸರು, ಮನೆಯ ವಿಳಾಸ, ಅಂಗಡಿಯ ವ್ಯವಹಾರ ಎಲ್ಲವೂ ತಿಳಿದಿದ್ದಿತು. 2025ರ ಸೆಪ್ಟೆಂಬರ 29ರಂದು ಕೆನಡಾ ಸರಕಾರವು ಲಾರೆನ್ಸ್ ಬಿಷ್ಣೋಯಿ ಗುಂಪನ್ನು ಭಯೋತ್ಪಾದಕ ಸಂಸ್ಥೆಗಳ ಪಟ್ಟಿಗೆ ಸೇರಿಸಿತು.

ಈ ವರ್ತಮಾನವನ್ನು ಓದಿದ ನಮ್ಮ ವಾಚಕರಲ್ಲಿ ಕೆಲವರಾದರೂ, ವಿಶೇಷತಃ ಹೋಟೆಲು ಉದ್ಯಮದಲ್ಲಿರುವವರು, ಪತ್ರಿಕೆಯನ್ನು ಮಡಿಸಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕುಳಿತಿರಬೇಕು. ಏಕೆಂದರೆ ಇದು ಕೆನಡಾದಲ್ಲಿ ಹುಟ್ಟಿದ ರೋಗವಲ್ಲ. ಹೊಟ್ಟೆಪಾಡಿಗಾಗಿ ಊರು ಬಿಟ್ಟವರು ಎಲ್ಲೆಲ್ಲಿ ಹೋಗಿ ನಾಲ್ಕು ಕಾಸು ಕೂಡಿಸಿದರೋ ಅಲ್ಲೆಲ್ಲ ಇದು ಅವರ ಹಿಂದೆಯೇ ಹೋಗಿದೆ. ಮತ್ತು ಅವರ ಕದ ತಟ್ಟಿದವನು ಬಹುಮಟ್ಟಿಗೆ ಅವರ ಭಾಷೆಯನ್ನೇ ಆಡುವವನು. ಕೊಡಲಿಯ ಕಾವು ಕುಲಕ್ಕೆ ಮೂಲ ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ.

ಕಪ್ಪು ಕೈಯ ಕಾಗದ

ಈ ವಿಷಯದಲ್ಲಿ ಜಗತ್ತಿಗೆ ಮೊದಲ ದೊಡ್ಡ ಪಾಠವನ್ನು ಕಲಿಸಿದುದು ನ್ಯೂಯಾರ್ಕ್ ನಗರ. 1880ರಿಂದ 1924ರ ವರೆಗೆ ಸುಮಾರು 40 ಲಕ್ಷ ಇಟಲಿಯನ್ನರು ಅಮೇರಿಕಾಕ್ಕೆ ಹೋದರು. ಅವರಲ್ಲಿ ಬಹುಮಂದಿ ದಕ್ಷಿಣ ಇಟಲಿಯ ಮತ್ತು ಸಿಸಿಲಿಯ ಬಡ ಒಕ್ಕಲು ಮಕ್ಕಳು. ಇಂಗ್ಲಿಷ್ ಬಾರದು; ಕೆಲಸ ಕೊಡಿಸುವವನು ಊರಿನ ಮೇಸ್ತ್ರಿ; ಹಣ ಊರಿಗೆ ಕಳುಹಿಸುವವನು ಊರಿನ ಸಾಹುಕಾರ; ವಾಸ ಊರಿನವರದೇ ಕೇರಿ. ಬ್ಯಾಂಕನ್ನೂ ನ್ಯಾಯಾಲಯವನ್ನೂ ಹೊರಗಿನಿಂದ ಮಾತ್ರ ಕಂಡವರು. ಪೋಲೀಸನೆಂದರೆ ತೆರಿಗೆಯವನ ಜೊತೆಗೆ ಬರುವವನೆಂಬ ಭಯವನ್ನು ಅವರು ಊರಿನಿಂದಲೇ ತಂದಿದ್ದರು.

ಇಂತಹವರ ನಡುವೆ ಯಾವನಾದರೂ ಒಬ್ಬನು ರೊಟ್ಟಿ ಅಂಗಡಿಯನ್ನೋ ಕಟ್ಟಡದ ಗುತ್ತಿಗೆಯನ್ನೋ ಹಿಡಿದು ಮೇಲೆ ಬಂದರೆ, ಅದು ಮೊದಲು ತಿಳಿಯುತ್ತಿದ್ದುದು ಕೇರಿಯ ಪುಂಡನಿಗೆ. 1903ರ ಸುಮಾರಿಗೆ ಬ್ರೂಕ್ಲಿನ್ ಭಾಗದಲ್ಲಿ ಕಾಗದಗಳು ಬರತೊಡಗಿದುವು: ಇಷ್ಟು ಡಾಲರು ಕೊಡು, ಇಲ್ಲವಾದರೆ ಮನೆ ಸಿಡಿಯುವುದು, ಮಗು ಮಾಯವಾಗುವುದು. ಕೆಳಗೆ ಮಸಿಯ ಕೈಯ ಗುರುತು. ಆದಕಾರಣ ಅದಕ್ಕೆ 'ಕಪ್ಪು ಕೈ' ಎಂಬ ಹೆಸರು ಬಂದಿತು. ಇದು ಒಂದೇ ಒಂದು ದೊಡ್ಡ ಸಂಘವೆಂದು ಜನ ನಂಬಿದರು. ವಾಸ್ತವವಾಗಿ ಅದು ಹತ್ತಾರು ಚಿಲ್ಲರೆ ಗುಂಪುಗಳು ಹಂಚಿಕೊಂಡ ಒಂದು ಹೆಸರು. ಹೆಸರೇ ಅರ್ಧ ಕೆಲಸ ಮಾಡುತ್ತಿದ್ದಿತು. ಲೋಕಪ್ರಸಿದ್ಧ ಗಾಯಕ ಎನ್ರಿಕೊ ಕರೂಸೊಗೂ ಇಂತಹ ಕಾಗದ ಬಂದಿತು. ಕೊನೆಗೆ ಆತನು ಪೋಲೀಸರಲ್ಲಿಗೆ ಹೋದನು.

ಆ ಕಾಲದ ನ್ಯೂಯಾರ್ಕ್ ಪೋಲೀಸ್ ಇಲಾಖೆಯಲ್ಲಿ ಇಟಲಿಯ ಭಾಷೆ ಬಲ್ಲವರು ಬೆರಳೆಣಿಕೆಯಷ್ಟು. ಅವರಲ್ಲಿ ಜೋಸೆಫ್ ಪೆಟ್ರೊಸಿನೊ ಎಂಬಾತನು ಮುಖ್ಯ. ಇಟಲಿಯ ಪಾದುಲಾ ಗ್ರಾಮದಲ್ಲಿ 1860ರಲ್ಲಿ ಹುಟ್ಟಿ, ಹುಡುಗನಾಗಿ ಅಮೇರಿಕಾಕ್ಕೆ ಬಂದವನು. ಆತನ ಮುಂದಾಳತನದಲ್ಲಿ ಒಂದು ಇಟಲಿಯನ್ ಪೋಲೀಸ್ ದಳ ಏರ್ಪಟ್ಟಿತು. ಅದರ ಆರಂಭದ ಬಲ ಆರೇಳು ಜನಕ್ಕಿಂತ ಹೆಚ್ಚಿರಲಿಲ್ಲ, ಕಾಯಬೇಕಾದವರು ಲಕ್ಷಗಟ್ಟಲೆ. ಆತನು ಪಾತಕಿಗಳ ಹಳೆಯ ದಾಖಲೆಗಳನ್ನು ಹುಡುಕಿಕೊಂಡು ಸಿಸಿಲಿಗೆ ಹೋದನು. 1909ರ ಮಾರ್ಚ್ 12ರಂದು ಪಲೆರ್ಮೊ ಪಟ್ಟಣದ ಚೌಕದಲ್ಲಿ ಅವನನ್ನು ಗುಂಡಿಟ್ಟು ಕೊಂದರು. ನ್ಯೂಯಾರ್ಕಿನಲ್ಲಿ ಅವನ ಶವಯಾತ್ರೆಗೆ ಎರಡು ಲಕ್ಷಕ್ಕೂ ಮಿಕ್ಕು ಜನ ಸೇರಿದರೆಂದು ಲೆಕ್ಕ. ಬದುಕಿದ್ದಾಗ ಸಾಕ್ಷಿ ಹೇಳಲು ಹೆದರಿದ ಜನವೇ ಸತ್ತ ಮೇಲೆ ಬೀದಿಯಲ್ಲಿ ನಿಂತು ಅತ್ತಿತು.

ಇದೇ ಸಮಯದಲ್ಲಿ, 1907ರಲ್ಲಿ, ಚಿಕಾಗೊ ನಗರದ ಇಟಲಿಯನ್ ಗಣ್ಯರು ಸೇರಿ 'ಬಿಳಿ ಕೈ' ಎಂಬ ಸಂಘವನ್ನು ಕಟ್ಟಿದರು. ಕಪ್ಪು ಕೈಗೆ ಉತ್ತರ ಕೊಡುವುದು, ಪೋಲೀಸರಿಗೆ ನೆರವಾಗುವುದು, ಸಮಾಜದ ಹೆಸರನ್ನು ಉಳಿಸುವುದು ಅದರ ಉದ್ದೇಶ. ಕೆಲವೇ ವರ್ಷಗಳಲ್ಲಿ ಅದರ ಉಸಿರು ಕುಂದಿತು. ಬೆದರಿಕೆ ಹಾಕುವವನಿಗೆ ದಿನವೂ ಅದೇ ಕಸುಬು. ಸಂಘದ ಪದಾಧಿಕಾರಿಗೆ ಅಂಗಡಿ ಇದೆ, ಮಕ್ಕಳಿದ್ದಾರೆ, ಭಾನುವಾರ ಮಾತ್ರ ಪುರಸತ್ತು. ಈ ಸಂಗತಿಯನ್ನು ನಮ್ಮ ಸಂಘಸಂಸ್ಥೆಗಳ ಕಾರ್ಯದರ್ಶಿಗಳು ನೆನಪಿಡತಕ್ಕದ್ದು.

ಪಾನನಿಷೇಧ ಕೊಟ್ಟ ಬಂಡವಾಳ

ಕಪ್ಪು ಕೈಯವರು ಚಿಲ್ಲರೆ ವ್ಯಾಪಾರಿಗಳು. ಅವರನ್ನು ಸಗಟು ವ್ಯಾಪಾರಿಗಳನ್ನಾಗಿ ಮಾಡಿದುದು ಅಮೇರಿಕಾದ ಸರಕಾರವೇ. 1920ರ ಜನವರಿಯಿಂದ 1933ರ ಡಿಸೆಂಬರ ವರೆಗೆ ಆ ದೇಶದಲ್ಲಿ ಪಾನನಿಷೇಧ ಜಾರಿಯಲ್ಲಿದ್ದಿತು. ಕುಡಿಯುವವರು ಕುಡಿಯುವುದನ್ನು ಬಿಡಲಿಲ್ಲ. ಮಾರುವವರು ಮಾತ್ರ ಬದಲಾದರು. ಕೇರಿಯ ಪುಂಡನ ಕೈಗೆ ಲಾರಿಗಳು ಬಂದುವು, ದೋಣಿಗಳು ಬಂದುವು. ನಗರಸಭೆಯ ಸದಸ್ಯನನ್ನೂ ಪೋಲೀಸು ಅಧಿಕಾರಿಯನ್ನೂ ಕೊಳ್ಳುವಷ್ಟು ಹಣ ಬಂದಿತು. ಬ್ರೂಕ್ಲಿನ್ನಿನ ವಲಸೆಗಾರರ ಮನೆಯಲ್ಲಿ 1899ರಲ್ಲಿ ಹುಟ್ಟಿದ ಆಲ್ ಕಪೋನ್ ಚಿಕಾಗೊ ನಗರವನ್ನೇ ಆಳತೊಡಗಿದನು. ಅವನನ್ನು 1931ರಲ್ಲಿ ಜೈಲಿಗೆ ಕಳುಹಿಸಿದುದು ಕೊಲೆಯ ಮೊಕದ್ದಮೆಯಲ್ಲ. ಆದಾಯ ತೆರಿಗೆಯ ಮೊಕದ್ದಮೆ. ಅದೇ 1931ರಲ್ಲಿ ಲಕಿ ಲುಚಿಯಾನೊ ಎಂಬುವನು ನ್ಯೂಯಾರ್ಕಿನ ಐದು ಗುಂಪುಗಳನ್ನು ಒಂದು ಮಂಡಲಿಯ ಕೆಳಗೆ ತಂದು, ಅಪರಾಧಕ್ಕೆ ಕಂಪೆನಿಯ ರೂಪ ಕೊಟ್ಟನು. ಪಾನನಿಷೇಧ ಹೋಯಿತು, ಕಂಪೆನಿ ಉಳಿಯಿತು. ಬಂದರಿನ ಕೂಲಿ, ಲಾರಿ ಸಾಗಾಟ, ಮೀನು ಮಾರುಕಟ್ಟೆ, ಕಟ್ಟಡದ ಕಾಂಕ್ರೀಟು—ಹೀಗೆ ಒಂದೊಂದಾಗಿ ಅದು ಕೈಯಿಟ್ಟಿತು.

ಇಲ್ಲೊಂದು ಮಾತನ್ನು ಸ್ಪಷ್ಟಪಡಿಸಬೇಕು. ಈ ಕಸುಬು ಇಟಲಿಯನ್ನರ ರಕ್ತದಲ್ಲಿದ್ದುದಲ್ಲ. ಅವರಿಗಿಂತ ಮುಂಚೆ ಅದೇ ಕೇರಿಗಳಲ್ಲಿ ಐರಿಷ್ ಗುಂಪುಗಳಿದ್ದುವು. ಅವರ ಜೊತೆಜೊತೆಗೆ ಯೆಹೂದಿ ಗುಂಪುಗಳಿದ್ದುವು. ಯಾವ ಜನವು ಕಡೆಯಲ್ಲಿ ಬಂದಿತೋ, ಯಾರಿಗೆ ನೇರವಾದ ಬಾಗಿಲುಗಳು ಮುಚ್ಚಿದ್ದುವೋ, ಅವರಲ್ಲಿ ಕೆಲವರು ಹಿತ್ತಿಲ ಬಾಗಿಲನ್ನು ಹುಡುಕಿದರು. ಉಳಿದ ಸಾವಿರಾರು ಮಂದಿ ಇಟ್ಟಿಗೆ ಹೊತ್ತರು, ಬಟ್ಟೆ ಹೊಲಿದರು, ಸುರಂಗ ಅಗೆದರು. ಲೋಕ ನೆನಪಿಟ್ಟುದು ಮೊದಲಿನವರನ್ನು.

ಅದರ ದಂಡ ಎಲ್ಲರ ಮೇಲೂ ಬಿದ್ದಿತು. 1890ರ ಅಕ್ಟೋಬರದಲ್ಲಿ ನ್ಯೂ ಓರ್ಲಿಯನ್ಸ್ ನಗರದ ಪೋಲೀಸ್ ಮುಖ್ಯಾಧಿಕಾರಿ ಡೇವಿಡ್ ಹೆನೆಸಿ ಕೊಲೆಯಾದಾಗ ಅನುಮಾನ ಇಟಲಿಯನ್ನರ ಮೇಲೆ ಬಂದಿತು. 1891ರ ಮಾರ್ಚಿನಲ್ಲಿ ವಿಚಾರಣೆ ನಡೆದು ಒಬ್ಬನ ಮೇಲೂ ಅಪರಾಧ ಸ್ಥಾಪಿತವಾಗಲಿಲ್ಲ. ಮರುದಿನ ಸಾವಿರಾರು ಜನ ಜೈಲಿಗೆ ನುಗ್ಗಿ 11 ಮಂದಿಯನ್ನು ಕೊಂದರು. ಸತ್ತವರಲ್ಲಿ ವಿಚಾರಣೆಯನ್ನೇ ಕಾಣದವರೂ ಇದ್ದರು. ಆ ನಗರದ ಮೇಯರು ಇದಕ್ಕಾಗಿ ಕ್ಷಮೆ ಕೇಳಿದುದು 2019ರಲ್ಲಿ, 128 ವರ್ಷಗಳ ತರುವಾಯ. 1924ರಲ್ಲಿ ಅಮೇರಿಕಾ ಹೊಸ ವಲಸೆ ಕಾನೂನು ಮಾಡಿ, ಇಟಲಿಯಿಂದ ಬರುವವರನ್ನು ವರ್ಷಕ್ಕೆ ನಾಲ್ಕು ಸಾವಿರಕ್ಕಿಂತಲೂ ಕಡಿಮೆಗೆ ಇಳಿಸಿತು. ಆ ಜನ ಅಪರಾಧಿಗಳೆಂಬ ಮಾತು ಆ ಕಾನೂನಿನ ಪರವಾದ ವಾದಗಳಲ್ಲೊಂದಾಗಿದ್ದಿತು. ಸುಲಿದವನು ಸುಖವಾಗಿದ್ದನು, ಸುಲಿಸಿಕೊಂಡವನ ತಮ್ಮನಿಗೆ ಹಡಗು ಹತ್ತಲು ಪರವಾನಗಿ ಸಿಕ್ಕಲಿಲ್ಲ.

ಮುಂಬಯಿಯ ಅಧ್ಯಾಯ

ಈಗ ನಮ್ಮ ಊರಿಗೆ ಬರೋಣ. ನಮ್ಮ ಊರೆಂದರೆ ನಾವು ಅನ್ನ ತಿನ್ನುತ್ತಿರುವ ಊರು. ಮುಂಬಯಿಯ ಚರಿತ್ರೆ ನ್ಯೂಯಾರ್ಕಿನ ಚರಿತ್ರೆಗೆ ಎಷ್ಟು ಹತ್ತಿರವಾಗಿದೆಯೆಂದರೆ ಓದುವವನಿಗೆ ಆಶ್ಚರ್ಯವಾದೀತು. ಇಲ್ಲಿಯೂ ಪಾನನಿಷೇಧ ಬಂದಿತು; ಅಂದಿನ ಮುಂಬಯಿ ಸರಕಾರದ ಕಾನೂನು 1949ರದು. ಇಲ್ಲಿಯೂ ಕಳ್ಳಭಟ್ಟಿ ಸಾಮ್ರಾಜ್ಯವಾಯಿತು. ಬೋರಿಬಂದರು ನಿಲ್ದಾಣದಲ್ಲಿ ಹಮಾಲನಾಗಿದ್ದ ವರದರಾಜನ್ ಮುದಲಿಯಾರ್ ಧಾರಾವಿ, ಮಾಟುಂಗಾ, ಆಂಟಾಪ್ ಹಿಲ್ ಭಾಗಗಳಲ್ಲಿ ಸಾರಾಯಿಯಿಂದ ದೊರೆಯಾದನು. ರಾಮನಾಥಪುರದ ಕಡೆಯಿಂದ ಬಂದು ಹಡಗುಕಟ್ಟೆಯಲ್ಲಿ ಕೂಲಿ ಮಾಡಿದ ಮಸ್ತಾನ್ ಮಿರ್ಜಾ ಕಳ್ಳಸಾಗಣೆಯಿಂದ ಹಾಜಿ ಮಸ್ತಾನನಾದನು. 1968ರ ಚಿನ್ನದ ನಿಯಂತ್ರಣ ಕಾನೂನು ಕಳ್ಳಸಾಗಣೆಯ ಚಿನ್ನಕ್ಕೆ ಬೆಲೆ ತಂದಿತು. ಆ ಕಾನೂನು ರದ್ದಾದುದು 1990ರಲ್ಲಿ. ಅಫಘಾನಿಸ್ತಾನದಿಂದ ಬಂದ ಕರೀಂ ಲಾಲಾ ಪಠಾಣರ ಮುಂದಾಳುವಾದನು. ಮೂವರೂ ವಲಸೆಗಾರರೇ.

ಇವರನ್ನು ಅವರವರ ಜನ ಏಕೆ ತಲೆಯ ಮೇಲೆ ಹೊತ್ತರು? ಜೋಪಡಿಯ ನಿವಾಸಿಗೆ ನೀರಿನ ನಲ್ಲಿ ಬೇಕು, ರೇಶನ್ ಕಾರ್ಡು ಬೇಕು, ಮಗಳ ಮದುವೆಗೆ ಸಾಲ ಬೇಕು. ಸರಕಾರಿ ಕಚೇರಿಯ ಮೆಟ್ಟಲಿನಲ್ಲಿ ಅವನ ಭಾಷೆ ಯಾರಿಗೂ ತಿಳಿಯದು. ವರದರಾಜನ್‌ನ ಅಂಗಳದಲ್ಲಿ ತಿಳಿಯುತ್ತಿದ್ದಿತು. ಮಾಟುಂಗಾ ನಿಲ್ದಾಣದ ಬಳಿ ಅವನು ನಡೆಸುತ್ತಿದ್ದ ಗಣೇಶೋತ್ಸವದ ವೈಭವವನ್ನು ನೋಡಿದ ನಮ್ಮ ಹಿರಿಯರು ಇಂದಿಗೂ ಬಾಯಿ ತುಂಬ ವರ್ಣಿಸುತ್ತಾರೆ. ದಾನ ಮಾಡಿದ ಕೈ ಎಲ್ಲಿಂದ ತಂದಿತೆಂದು ಕೇಳಿದವರು ಕಡಿಮೆ.

1982ರ ಜನವರಿಯಲ್ಲಿ ಗಿರಣಿ ಮುಷ್ಕರ ಆರಂಭವಾಯಿತು. ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಹೊರಗೆ ಬಂದರು. ಬಹುಮಂದಿ ಮರಳಿ ಒಳಗೆ ಹೋಗಲೇ ಇಲ್ಲ. ಗಿರಣಗಾವಿನ ಚಾಳುಗಳಲ್ಲಿ ಕೆಲಸವಿಲ್ಲದ ತರುಣರು ತುಂಬಿದರು. ಮುಂದಿನ ಹತ್ತು ಹದಿನೈದು ವರ್ಷಗಳ ಟೋಳಿಗಳಿಗೆ ಆಳುಗಳು ಸಿಕ್ಕಿದುದು ಇಂತಹ ಕೇರಿಗಳಿಂದ. 1993ರ ಮಾರ್ಚ್ 12ರ ಸ್ಫೋಟಗಳಲ್ಲಿ 257 ಜನ ಸತ್ತ ಮೇಲೆ ಭೂಗತ ಜಗತ್ತು ಧರ್ಮದ ಹೆಸರಿನಲ್ಲಿ ಒಡೆಯಿತು. ಆದರೆ ವಸೂಲಿಗೆ ಧರ್ಮವಿರಲಿಲ್ಲ. ಕಟ್ಟಡದವರು, ಚಲನಚಿತ್ರದವರು, ಹೋಟೆಲಿನವರು ಎಲ್ಲರಿಗೂ ಕರೆ ಬಂದಿತು. 1997ರ ಆಗಸ್ಟಿನಲ್ಲಿ ಸಂಗೀತ ಉದ್ಯಮಿ ಗುಲಶನ್ ಕುಮಾರರನ್ನು ಹಾಡಹಗಲಿನಲ್ಲಿ ದೇವಸ್ಥಾನದ ಹೊರಗೆ ಕೊಂದರು.

ನಮ್ಮ ಮನೆಯ ಮಾತು

ಇಷ್ಟರವರೆಗೆ ಹೇಳಿದುದೆಲ್ಲ ಅನ್ಯರ ಕಥೆಯೆಂದು ಭಾವಿಸಿದರೆ ಅದು ನಮ್ಮ ಆತ್ಮವಂಚನೆಯಾದೀತು. ಕರಾವಳಿಯಿಂದ ಬಂದು ಇಡ್ಲಿ ಸಾಂಬಾರನ್ನು ಈ ನಗರದ ಆಹಾರವನ್ನಾಗಿ ಮಾಡಿದವರು ನಮ್ಮವರು. ಅದೇ ಕರಾವಳಿಯಿಂದ ಬಂದವರಲ್ಲಿ ಕೆಲವರು ಟೋಳಿಗಳಲ್ಲಿ ಹೆಸರು ಮಾಡಿದುದೂ ಸತ್ಯ. ಶರದ್ ಶೆಟ್ಟಿ ಎಂಬುವನು 2003ರ ಜನವರಿಯಲ್ಲಿ ದುಬೈಯಲ್ಲಿ ಕೊಲೆಯಾದನು. ಉಡುಪಿಯ ಮಲ್ಪೆಯವನಾದ ರವಿ ಪೂಜಾರಿ, ವಿದೇಶದಿಂದ ಕರೆ ಮಾಡಿ ಹಣ ಕೇಳಿದನೆಂಬ ಅನೇಕ ಆರೋಪಗಳಿಗೆ ಗುರಿಯಾಗಿ, 2019ರಲ್ಲಿ ಆಫ್ರಿಕಾದ ಸೆನೆಗಲ್ ದೇಶದಲ್ಲಿ ಸಿಕ್ಕಿಬಿದ್ದು, 2020ರ ಫೆಬ್ರವರಿಯಲ್ಲಿ ಬೆಂಗಳೂರಿಗೆ ತರಲ್ಪಟ್ಟನು.

ನಮ್ಮ ಉದ್ಯಮದ ಎದೆಗೆ ನಾಟಿದ ಗುಂಡು 2001ರ ಮೇ 4ರದು. ಗಾಂದೇವಿಯಲ್ಲಿ ನಮ್ಮವರೇ ಆದ ಒಬ್ಬ ಹೋಟೆಲು ಮಾಲೀಕರನ್ನು ಅವರ ಹೋಟೆಲಿನೊಳಗೇ ಕೊಂದರು. ಹಣಕ್ಕಾಗಿ ಬೆದರಿಕೆ ಬಂದುದನ್ನು ಅವರು ಪೋಲೀಸರಿಗೆ ತಿಳಿಸಿದ್ದರು. ಕೊಟ್ಟಿದ್ದ ಪೋಲೀಸು ರಕ್ಷಣೆ ಕೊಲೆಗೆ ಸುಮಾರು ಎರಡು ತಿಂಗಳ ಮೊದಲು ಹಿಂದೆ ಹೋಗಿದ್ದಿತು. ಈ ಮೊಕದ್ದಮೆಯಲ್ಲಿ ಛೋಟಾ ರಾಜನ್‌ಗೆ ವಿಶೇಷ ನ್ಯಾಯಾಲಯ ಜೀವಾವಧಿ ಶಿಕ್ಷೆ ವಿಧಿಸಿದುದು 2024ರ ಮೇ ತಿಂಗಳಲ್ಲಿ. ಅವನು ಉಚ್ಚ ನ್ಯಾಯಾಲಯಕ್ಕೆ ಮೇಲ್ಮನವಿ ಹೋದನು. ಗುಂಡಿಗೂ ತೀರ್ಪಿಗೂ ನಡುವೆ 23 ವರ್ಷ. ಈ 23 ವರ್ಷಗಳಲ್ಲಿ ಎಷ್ಟು ಮಂದಿ ಹೋಟೆಲಿನವರು ಆ ಹೆಸರನ್ನು ನೆನೆದು, ದೂರು ಬರೆಯಲು ತೆಗೆದ ಕಾಗದವನ್ನು ಹರಿದು ಹಾಕಿರಬಹುದೆಂದು ಯಾವ ಸರಕಾರಿ ದಫ್ತರದಲ್ಲಿಯೂ ಲೆಕ್ಕವಿಲ್ಲ.

ಹರಿದು ಹಾಕಿದವರಲ್ಲಿ ಈ ಲೇಖಕನೂ ಒಬ್ಬ. ಪತ್ರಿಕೆಯ ಮೇಜಿಗೆ ಬರುವುದಕ್ಕೆ ಮೊದಲು ಉಪನಗರದಲ್ಲಿ ನನ್ನದೊಂದು ಸಣ್ಣ ಹೋಟೆಲಿದ್ದಿತು. 2009ರ ಮಳೆಗಾಲದ ಒಂದು ರಾತ್ರಿ, ಗಲ್ಲಾ ಎಣಿಸುತ್ತಿದ್ದಾಗ ಫೋನು ಬಂದಿತು. ಮಾತು ನನ್ನ ಊರಿನ ಮಾತು. ಮೊದಲು ನನ್ನ ತಾಯಿಯ ಆರೋಗ್ಯ ವಿಚಾರಿಸಿದನು, ಊರಿನ ಮನೆಗೆ ಹೊಸ ಹಂಚು ಹೊದಿಸಿದುದನ್ನು ಹೇಳಿದನು, ಆಮೇಲೆ ಮೊತ್ತ ಹೇಳಿದನು. ನಾನು ದೂರು ಬರೆಯಲು ಕುಳಿತು, ಎರಡು ಸಾಲು ಬರೆದು, ಹರಿದೆ. ಹಣ ಕೊಟ್ಟೆ. ಮನೆಯಲ್ಲಿಯೂ ಹೇಳಲಿಲ್ಲ. ಒಂದು ವರ್ಷದ ಮೇಲೆ ಒಂದು ಮದುವೆಯ ಊಟದ ಪಂಕ್ತಿಯಲ್ಲಿ ಮಾತಿಗೆ ಮಾತು ಬಂದು, ಅದೇ ರಸ್ತೆಯ ನಾಲ್ಕು ಹೋಟೆಲಿನವರು ಅದೇ ತಿಂಗಳಲ್ಲಿ ಅದೇ ಧ್ವನಿಗೆ ಹಣ ಕೊಟ್ಟುದು ಗೊತ್ತಾಯಿತು. ಒಬ್ಬರಂತೂ, ನಾನು ಕೊಟ್ಟೆನೆಂಬುದನ್ನೇ ತೋರಿಸಿ ತಮ್ಮಿಂದ ದುಪ್ಪಟ್ಟು ಕೇಳಿದರೆಂದು ಹೇಳಿದರು. ನನ್ನ ಮೌನ ನನ್ನನ್ನು ಉಳಿಸಿತೆಂದು ನಾನು ತಿಳಿದಿದ್ದೆ. ಅದು ನೆರೆಯವನ ಕುತ್ತಿಗೆಗೆ ಹಗ್ಗವಾಗಿದ್ದಿತು. ಎಲೆಯ ಮುಂದೆ ಕುಳಿತ ನಮ್ಮಲ್ಲಿ ಯಾರಿಗೂ ಆ ದಿನ ಪಾಯಸ ಸೇರಲಿಲ್ಲ.

ಏನು ಕೆಲಸ ಮಾಡಿತು, ಏನು ಮಾಡಲಿಲ್ಲ

ಅಮೇರಿಕಾದಲ್ಲಿ ಬೇರನ್ನು ಕಿತ್ತುದು ಯಾವುದು? 1950-51ರ ಕೆಫೌವರ್ ಸಮಿತಿಯ ವಿಚಾರಣೆಗಳು ದೂರದರ್ಶನದಲ್ಲಿ ಪ್ರಸಾರವಾಗಿ ಜನರ ಕಣ್ಣು ತೆರೆಸಿದುವು. 1963ರಲ್ಲಿ ಜೋಸೆಫ್ ವಲಾಚಿ ಎಂಬ ಒಳಗಿನವನೇ ಸಾಕ್ಷಿ ಹೇಳಿದನು. ಆದರೆ ಮುಖ್ಯವಾದುದು 1970ರ 'ರಿಕೋ' ಕಾನೂನು. ಗುಂಡು ಹಾರಿಸಿದ ಆಳನ್ನಷ್ಟೇ ಅಲ್ಲದೆ, ಕುರ್ಚಿಯಲ್ಲಿ ಕುಳಿತು ಆಜ್ಞೆ ಕೊಟ್ಟವನನ್ನೂ ಇಡೀ ಸಂಸ್ಥೆಯ ಕೃತ್ಯಗಳಿಗೆ ಹೊಣೆಮಾಡಲು ಅದರಿಂದ ಸಾಧ್ಯವಾಯಿತು. 1986ರಲ್ಲಿ ನ್ಯೂಯಾರ್ಕಿನ ಮಂಡಲಿಯ ಮುಖಂಡರು ಅದೇ ಕಾನೂನಿನಡಿ ಶಿಕ್ಷೆಗೆ ಗುರಿಯಾದರು. ಮಹಾರಾಷ್ಟ್ರವು 1999ರಲ್ಲಿ, ಕರ್ನಾಟಕವು 2000ದಲ್ಲಿ ಇಂತಹವೇ ಕಾನೂನುಗಳನ್ನು ಮಾಡಿದುವು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 111ನೆಯ ಕಲಮು ಸಂಘಟಿತ ಅಪರಾಧವನ್ನು ದೇಶಾದ್ಯಂತ ಶಿಕ್ಷಾರ್ಹಗೊಳಿಸಿದೆ. ತೊಂಬತ್ತರ ದಶಕದ ಮುಂಬಯಿಯ 'ಎನ್‌ಕೌಂಟರು'ಗಳು ಕೆಲವು ಕಾಲ ಜನರ ಚಪ್ಪಾಳೆ ಗಿಟ್ಟಿಸಿದುವು. ಆದರೆ ನ್ಯಾಯಾಲಯದ ಹೊರಗೆ ಮುಗಿದ ಲೆಕ್ಕ ಯಾರ ಮೇಲೆ ಯಾವಾಗ ತಿರುಗುವುದೆಂದು ಹೇಳಲಾಗದು. ವಿಚಾರಣೆ ನಿಧಾನವಾದರೂ ಅದರ ತೀರ್ಪಿಗೇ ಬಾಳಿಕೆ.

ಆದರೆ ಕಾನೂನಿಗೆ ಫಿರ್ಯಾದಿ ಬೇಕು. ಫಿರ್ಯಾದಿ ಒಬ್ಬನೇ ಆದರೆ ಅವನ ಗತಿಯೇನೆಂಬುದನ್ನು ಸಿಸಿಲಿಯ ಪಲೆರ್ಮೊ ಪಟ್ಟಣವೇ ತೋರಿಸಿದೆ. ಅಲ್ಲಿ ಲಿಬೆರೊ ಗ್ರಾಸಿ ಎಂಬ ಬಟ್ಟೆ ಕಾರಖಾನೆಯ ಮಾಲೀಕನು 1991ರ ಜನವರಿಯಲ್ಲಿ, ತಾನು ಹಫ್ತಾ ಕೊಡುವುದಿಲ್ಲವೆಂದು ಸುಲಿಗೆಗಾರನನ್ನೇ ಸಂಬೋಧಿಸಿ ಪತ್ರಿಕೆಯಲ್ಲಿ ಬಹಿರಂಗ ಪತ್ರ ಪ್ರಕಟಿಸಿದನು. ಅವನ ಜೊತೆಗಿನ ಉದ್ಯಮಿಗಳು ಬೆನ್ನಿಗೆ ನಿಲ್ಲಲಿಲ್ಲ. ಆಗಸ್ಟ್ 29ರಂದು ಅವನು ಕೊಲೆಯಾದನು. ಹದಿಮೂರು ವರ್ಷಗಳ ಮೇಲೆ, 2004ರಲ್ಲಿ, ಅದೇ ಪಟ್ಟಣದ ಕೆಲವು ತರುಣರು ಒಂದು ರಾತ್ರಿ ಊರ ತುಂಬ ಚೀಟಿಗಳನ್ನು ಅಂಟಿಸಿದರು: ಹಫ್ತಾ ಕೊಡುವ ಜನ ಮಾನವಿಲ್ಲದ ಜನ ಎಂಬುದು ಅದರ ಸಾರಾಂಶ. ಅಲ್ಲಿಂದ ಹುಟ್ಟಿದ ಚಳವಳಿಯಲ್ಲಿ ಇಂದು ಸಾವಿರಕ್ಕೂ ಮಿಕ್ಕ ವ್ಯಾಪಾರಿಗಳು ತಾವು ಕೊಡುವುದಿಲ್ಲವೆಂದು ಬಾಗಿಲಿಗೆ ಫಲಕ ಹಾಕಿದ್ದಾರೆ. ಗ್ರಾಸಿಯ ಮಾತೂ ಇದೇ, ವ್ಯತ್ಯಾಸ ಸಂಖ್ಯೆಯದು. ಒಬ್ಬನನ್ನು ಕೊಲ್ಲಬಹುದು, ಸಾವಿರ ಬಾಗಿಲುಗಳನ್ನು ಕೊಲ್ಲಲಾಗದು.

ನಾವು ಮಾಡಬೇಕಾದುದು

ಈಚಿನ ವರ್ಷಗಳಲ್ಲಿ ಮುಂಬಯಿಯ ಹಳೆಯ ಟೋಳಿಗಳ ಸದ್ದು ಅಡಗಿದೆಯೆಂದು ನೆಮ್ಮದಿಯಿಂದ ಇರುವವರುಂಟು. 2024ರ ಅಕ್ಟೋಬರ 12ರಂದು ಬಾಂದ್ರಾದಲ್ಲಿ ಮಾಜಿ ಮಂತ್ರಿ ಬಾಬಾ ಸಿದ್ದೀಕಿ ಅವರ ಕೊಲೆಯಾದ ಮೇಲೆ ಆ ನೆಮ್ಮದಿಗೆ ಆಧಾರವಿಲ್ಲ. ಹೆಸರುಗಳು ಬದಲಾಗಿವೆ, ಫೋನಿನ ಬಗೆ ಬದಲಾಗಿದೆ, ಆಳುಗಳ ವಯಸ್ಸು ಇನ್ನೂ ಇಳಿದಿದೆ.

ನಮ್ಮ ಸಂಘಗಳು ಮಾಡಬಹುದಾದ ಕೆಲಸಗಳು ದೊಡ್ಡವಲ್ಲ. ಮೊದಲನೆಯದಾಗಿ, ಕರೆ ಬಂದವನು ರಾತ್ರಿಯೇ ಹೋಗಿ ಹೇಳಿಕೊಳ್ಳಬಹುದಾದ ಇಬ್ಬರು ಮೂವರು ಹಿರಿಯರೂ ಒಬ್ಬ ವಕೀಲರೂ ಪ್ರತಿ ಉಪನಗರದಲ್ಲಿ ಇರತಕ್ಕದ್ದು. ದೂರು ಒಬ್ಬನ ಹೆಸರಿನಲ್ಲಿ ಹೋಗದೆ ಹತ್ತು ಜನರ ಸಹಿಯೊಡನೆ ಪೋಲೀಸು ಆಯುಕ್ತರ ಕಚೇರಿಗೆ ಹೋಗತಕ್ಕದ್ದು. ಎರಡನೆಯದಾಗಿ, ವಾರ್ಷಿಕೋತ್ಸವದ ವೇದಿಕೆಯ ಮೇಲೆ ಯಾರಿಗೆ ಶಾಲು ಹೊದಿಸುತ್ತೇವೆ, ಜೀರ್ಣೋದ್ಧಾರಕ್ಕೆ ಯಾರ ದೇಣಿಗೆಯನ್ನು ಬರೆದುಕೊಳ್ಳುತ್ತೇವೆ ಎಂಬುದನ್ನು ಒಮ್ಮೆ ಯೋಚಿಸಬೇಕು. ನಾವು ಹೊದಿಸಿದ ಶಾಲನ್ನು ಕಂಡು, ಮೇಜು ಒರೆಸುವ ಹದಿನೈದರ ಹುಡುಗ ತನ್ನ ದಾರಿಯನ್ನು ಆರಿಸಿಕೊಳ್ಳುತ್ತಾನೆ. ಮೂರನೆಯದು ಆ ಹುಡುಗನ ವಿಷಯವೇ. ಒಂದು ಕಾಲಕ್ಕೆ ಈ ನಗರದ ಕನ್ನಡ ರಾತ್ರಿ ಶಾಲೆಗಳು ಹಗಲು ಲೋಟ ತೊಳೆದವನ ಕೈಗೆ ರಾತ್ರಿ ಪುಸ್ತಕ ಕೊಟ್ಟುವು. ನಾನು ಮೆಟ್ರಿಕು ಮುಟ್ಟಿದುದು ಹಾಗೆಯೇ. ನನ್ನ ಜೊತೆಗೆ ಅದೇ ಅಡಿಗೆಮನೆಯಲ್ಲಿ ಮಲಗುತ್ತಿದ್ದವನೊಬ್ಬ ಶಾಲೆಗೆ ಬರಲಿಲ್ಲ. ಸಂಜೆಯ ಹೊತ್ತು ಅವನನ್ನು ಬೇರೆ ಯಾರೋ ಕರೆದರು. ಅವನು ಮೂವತ್ತು ದಾಟಲಿಲ್ಲ.

ನ್ಯೂಯಾರ್ಕಿನ ಇಟಲಿಯನ್ನರಿಗೆ ತಮ್ಮ ಹೆಸರನ್ನು ತೊಳೆದುಕೊಳ್ಳಲು ಮೂರು ತಲೆಮಾರು ಬೇಕಾಯಿತು. 1960ರ ದಶಕದ ಉತ್ತರಾರ್ಧದಲ್ಲಿ ದಕ್ಷಿಣದವರ ವಿರುದ್ಧ ಇಲ್ಲಿ ಕೂಗೆದ್ದಾಗ, ನಮ್ಮ ಹೋಟೆಲುಗಳ ಗಾಜುಗಳು ಒಡೆದುವು. ಆಗ ನಮ್ಮ ಹಿರಿಯರು ನೆರೆಯ ಮರಾಠಿಗರ ಮುಖ ನೋಡಿ ಧೈರ್ಯವಾಗಿ ಹೇಳಿದುದು ಒಂದೇ ಮಾತು: ನಾವು ಬೆವರು ಸುರಿಸಿ ತಿನ್ನುವವರು. ಆ ಮಾತು ನಮ್ಮ ಮಕ್ಕಳ ಬಾಯಲ್ಲಿಯೂ ಸತ್ಯವಾಗಿರಬೇಕಾದರೆ, ಮುಂದಿನ ಸಲ ಫೋನು ಬಂದಾಗ ಬರೆಯಲು ತೆಗೆದ ಕಾಗದವನ್ನು ನಾವು ಹರಿಯಬಾರದು.